ಡಿಸ್ಚಾರ್ಜ್ ಚೀಟಿಯಲ್ಲಿ ‘ಲೆಫ್ಟ್ ನೆಗ್ಲೆಕ್ಟ್’ ಅಂತ ಬರೆದಿದ್ದಾರೆ, ಹಾಗಂದ್ರೆ ಏನು?

ಪಾಂಡವಪುರದವಳು:

ಅಪ್ಪನಿಗೆ ಕಳೆದ ತಿಂಗಳು ಲಕ್ವ ಹೊಡೆಯಿತು. ಎಡಗೈ ಎಡಗಾಲು ಸೋತಿವೆ. ಮಾತು ಚೆನ್ನಾಗಿದೆ. ಯಾರು ಬಂದರೂ ಗುರುತು ಹಿಡಿಯುತ್ತಾರೆ, ಕಾರ್ಖಾನೆಯಿಂದ ಕಬ್ಬಿನ ಬಾಕಿ ಎಷ್ಟು ಬರಬೇಕು ಅನ್ನುವುದನ್ನೂ ಸರಿಯಾಗಿ ಹೇಳುತ್ತಾರೆ. ಅದಕ್ಕೇ ನಮಗೆ ಮಿಕ್ಕಿದ್ದು ಅರ್ಥವೇ ಆಗುತ್ತಿಲ್ಲ.

ತಟ್ಟೆಯಲ್ಲಿ ಬಲಗಡೆ ಇಟ್ಟ ಮುದ್ದೆ, ಸಾರು ಖಾಲಿ ಮಾಡುತ್ತಾರೆ, ಎಡಗಡೆ ಇಟ್ಟ ಪಲ್ಯ ಹಾಗೇ ಇರುತ್ತದೆ, ಆಮೇಲೆ ‘ಇವತ್ತು ಪಲ್ಯ ಮಾಡಲಿಲ್ವಾ’ ಅಂತ ಅಮ್ಮನನ್ನು ಕೇಳುತ್ತಾರೆ. ಗಡ್ಡ ಬಲಗೆನ್ನೆಯದು ಮಾತ್ರ ಬೋಳಿಸಿಕೊಂಡು ರೇಜರ್ ಕೆಳಗಿಡುತ್ತಾರೆ. ನಾನು ಎಡಗಡೆ ನಿಂತು ಕರೆದರೆ ಬಲಗಡೆಗೆ ತಿರುಗಿ ಉತ್ತರ ಕೊಡುತ್ತಾರೆ. ಕಣ್ಣಿನ ಡಾಕ್ಟರ ಹತ್ತಿರ ತೋರಿಸಿದ್ದಾಯ್ತು, ಕಣ್ಣು ಸರಿಯಾಗಿದೆ ಅಂದರು.

ಚೀಟಿಯಲ್ಲಿ ಹೀಗಿದೆ: ‘ರೈಟ್ ಎಂಸಿಎ ಇನ್‌ಫಾರ್ಕ್ಟ್, ಲೆಫ್ಟ್ ಹೆಮಿಪರೇಸಿಸ್, ಲೆಫ್ಟ್ ನೆಗ್ಲೆಕ್ಟ್’. ಇನ್ನೊಂದು ಹಾಳೆಯಲ್ಲಿ ಎನ್‌ಐಎಚ್‌ಎಸ್‌ಎಸ್ ಅಂತ ಪಟ್ಟಿ ಇದೆ, ಅದರ 11ನೇ ಸಾಲಿನ ಎದುರು 2 ಅಂತ ಹಾಕಿದ್ದಾರೆ. ಬಿಡುಗಡೆ ಮಾಡುವಾಗ ಯಾರೂ ಕೂರಿಸಿಕೊಂಡು ವಿವರಿಸಲಿಲ್ಲ. ನಮ್ಮ ಮಾವ ಚೀಟಿ ಓದಿ, ‘ಎಡಗೈನ ಸರಿಯಾಗಿ ನೋಡಿಕೊಂಡಿಲ್ಲ, ನೆಗ್ಲೆಕ್ಟ್ ಮಾಡಿದ್ದೀರಿ ಅಂತ ಬರೆದಿದ್ದಾರೆ’ ಅಂದರು. ಅಮ್ಮ ಅವತ್ತಿನಿಂದ ಅಳುತ್ತಿದ್ದಾಳೆ. ದಯವಿಟ್ಟು ತಿಳಿದವರು ಹೇಳಿ. ಇದು ಕಣ್ಣಿನದಾ, ಮನಸ್ಸಿನದಾ, ಹಟವಾ? ಹೋಗುತ್ತದಾ?

ನರಪಾಠ, ಮೈಸೂರು:

ಮೊದಲು ಅಮ್ಮನಿಗೆ ಹೇಳಿ, ಆ ಪದಕ್ಕೂ ಅವರ ಆರೈಕೆಗೂ ಸಂಬಂಧವೇ ಇಲ್ಲ. ಅದೊಂದು ಲಕ್ಷಣದ ಹೆಸರು. ಜ್ವರ, ತಲೆಸುತ್ತು ಅಂತ ಬರೆಯುವ ಹಾಗೆ ಬರೆದಿದ್ದಾರೆ, ಅಷ್ಟೆ. ಯಾರ ಮೇಲಿನ ದೂರೂ ಅಲ್ಲ.

ನಾನು ನ್ಯೂರೋಸೈಕಾಲಜಿ, ಅಂದರೆ ಮಿದುಳಿಗೂ ಮನಸ್ಸಿಗೂ ಇರುವ ಸಂಬಂಧದ ಶಾಸ್ತ್ರ ಓದುತ್ತಿರುವವನು, ಡಾಕ್ಟರ್ ಅಲ್ಲ. ಪದದ ಅರ್ಥ ಮಾತ್ರ ಖಚಿತವಾಗಿ ಹೇಳಬಲ್ಲೆ. ಪೂರ್ತಿ ಹೆಸರು ಹೆಮಿಸ್ಪೇಷಿಯಲ್ ನೆಗ್ಲೆಕ್ಟ್. ಯೂನಿಲ್ಯಾಟರಲ್ ನೆಗ್ಲೆಕ್ಟ್, ಹೆಮಿ ಇನ್‌ಅಟೆನ್ಶನ್ ಅಂತಲೂ ಬರೆಯುತ್ತಾರೆ, ಎಲ್ಲವೂ ಹೆಚ್ಚುಕಮ್ಮಿ ಒಂದೇ. ಮಿದುಳಿನ ಒಂದು ಕಡೆಗೆ ಪೆಟ್ಟಾದಾಗ ಎದುರುಗಡೆಯ ಅರ್ಧ ಜಗತ್ತಿನ ಕಡೆಗೆ ಗಮನವೇ ಹೋಗುವುದಿಲ್ಲ. ಕಣ್ಣು ನೋಡುತ್ತದೆ, ಕಿವಿ ಕೇಳುತ್ತದೆ, ಆದರೆ ಆ ಕಡೆ ಏನೋ ಇದೆ ಅನ್ನುವ ಅರಿವೇ ಹುಟ್ಟುವುದಿಲ್ಲ.

ಚೀಟಿಯಲ್ಲಿ ‘ರೈಟ್’ ಮತ್ತು ‘ಲೆಫ್ಟ್’ ಎರಡೂ ಇರುವುದರಿಂದ ಗೊಂದಲ ಆಗುತ್ತದೆ. ಪೆಟ್ಟು ಬಿದ್ದದ್ದು ಮಿದುಳಿನ ಬಲಭಾಗಕ್ಕೆ, ಎಂಸಿಎ ಅಂದರೆ ಮಿಡಲ್ ಸೆರೆಬ್ರಲ್ ಆರ್ಟರಿ ಅನ್ನುವ ರಕ್ತನಾಳ, ಅದು ಕಟ್ಟಿಕೊಂಡು ರಕ್ತ ಸಿಗದೆ ಆದ ಪೆಟ್ಟೇ ‘ಇನ್‌ಫಾರ್ಕ್ಟ್’. ‘ಲೆಫ್ಟ್ ಹೆಮಿಪರೇಸಿಸ್’ ಅಂದರೆ ಮೈಯ ಎಡ ಅರ್ಧದ ಬಲ ಕುಂದಿರುವುದು. ‘ಲೆಫ್ಟ್ ನೆಗ್ಲೆಕ್ಟ್’ನಲ್ಲಿರುವ ಲೆಫ್ಟ್ ಮಿದುಳಿನದಲ್ಲ, ನಿಮ್ಮ ಅಪ್ಪನಿಗೆ ತಪ್ಪಿಹೋಗುತ್ತಿರುವ ಕಡೆಯದು. ಡಾಕ್ಟರುಗಳು ಯಾವಾಗಲೂ ಹಾಗೇ ಬರೆಯುವುದು.

ಕಣ್ಣಿನದಾ ಅಂತ ಕೇಳಿದಿರಲ್ಲ, ಒಳ್ಳೆಯ ಪ್ರಶ್ನೆ ಅದು. ಲಕ್ವದಲ್ಲಿ ಅರ್ಧ ನೋಟವೇ ಹೋಗುವ ತೊಂದರೆ ಬೇರೆ ಇದೆ, ಹೆಮಿಯನೋಪಿಯಾ ಅನ್ನುತ್ತಾರೆ. ಅಲ್ಲಿ ಕಣ್ಣಿನಿಂದ ಬಂದ ಸುದ್ದಿ ಮಿದುಳಿನ ನೋಟದ ಭಾಗಕ್ಕೆ ತಲುಪುವುದಿಲ್ಲ, ಆದರೆ ಆ ವ್ಯಕ್ತಿಗೆ ‘ಈ ಕಡೆ ಕಾಣುತ್ತಿಲ್ಲ’ ಅಂತ ಸಾಮಾನ್ಯವಾಗಿ ಬೇಗ ಗೊತ್ತಾಗುತ್ತದೆ, ತಲೆ ತಿರುಗಿಸಿ ನೋಡಲು ಕಲಿಯುತ್ತಾನೆ. ನೆಗ್ಲೆಕ್ಟ್‌ನಲ್ಲಿ ತಿರುಗಿ ನೋಡಬೇಕು ಅಂತಲೇ ಅನ್ನಿಸುವುದಿಲ್ಲ. ಕೆಲವರಿಗೆ ಎರಡೂ ಒಟ್ಟಿಗೆ ಇರುತ್ತವೆ. ಕಣ್ಣಿನ ಡಾಕ್ಟರು ಅಕ್ಷರದ ಬೋರ್ಡು ಓದಿಸಿ ಕಳಿಸಿದ್ದರೆ ಸಾಲದು, ‘ವಿಶುಯಲ್ ಫೀಲ್ಡ್’, ಅಂದರೆ ನೆಟ್ಟಗೆ ನೋಡುವಾಗ ಎಡಬಲಕ್ಕೆ ಎಷ್ಟು ದೂರ ಕಾಣುತ್ತದೆ ಅನ್ನುವುದನ್ನು ನೋಡಿದ್ದಾರಾ ಅಂತ ಕೇಳಿ.

ಇನ್ನು ಆ 11ನೇ ಸಾಲು. ಎನ್‌ಐಎಚ್‌ಎಸ್‌ಎಸ್ ಅಂದರೆ ಲಕ್ವ ಎಷ್ಟು ಜೋರಾಗಿದೆ ಅಂತ ಅಳೆಯುವ ಪಟ್ಟಿ, ಒಟ್ಟು 42 ಅಂಕ, ಜಾಸ್ತಿ ಆದಷ್ಟೂ ತೊಂದರೆ ಜಾಸ್ತಿ. ಅದರ 11ನೇ ಅಂಶದ ಹೆಸರು ‘ಎಕ್ಸ್‌ಟಿಂಕ್ಷನ್ ಮತ್ತು ಇನ್‌ಅಟೆನ್ಶನ್’. ಮುಂಚೆ ಅದಕ್ಕೂ ನೆಗ್ಲೆಕ್ಟ್ ಅಂತಲೇ ಹೆಸರಿತ್ತು. 0 ಅಂದರೆ ಏನೂ ಇಲ್ಲ, 2 ಅಂದರೆ ಜೋರಾಗಿದೆ, ಅಂದರೆ ನೋಟ, ಸ್ಪರ್ಶ, ಶ್ರವಣ ಇವುಗಳಲ್ಲಿ ಒಂದಕ್ಕಿಂತ ಹೆಚ್ಚು ಕಡೆ ಸಿಕ್ಕಿದೆ. ಎಕ್ಸ್‌ಟಿಂಕ್ಷನ್ ಅಂದರೆ ಇನ್ನೊಂದು ವಿಚಿತ್ರ. ಎಡಗೈ ಮಾತ್ರ ಮುಟ್ಟಿದರೆ ‘ಎಡ’ ಅನ್ನುತ್ತಾರೆ, ಬಲಗೈ ಮಾತ್ರ ಮುಟ್ಟಿದರೆ ‘ಬಲ’ ಅನ್ನುತ್ತಾರೆ, ಎರಡೂ ಒಟ್ಟಿಗೆ ಮುಟ್ಟಿದರೆ ‘ಬಲ’ ಅಂತ ಮಾತ್ರ ಹೇಳುತ್ತಾರೆ.

ಬಲ ಮಿದುಳಿಗೆ ಪೆಟ್ಟಾದಾಗಲೇ ಇದು ಯಾಕೆ ಹೀಗೆ ಗಟ್ಟಿಯಾಗಿ ಕೂರುತ್ತದೆ ಅನ್ನುವುದಕ್ಕೆ ಜಾಸ್ತಿ ಜನ ಒಪ್ಪುವ ವಿವರಣೆ ಹೀಗಿದೆ. ಗದ್ದೆ ಕಾಯಲು ಇಬ್ಬರಿದ್ದಾರೆ ಅಂದುಕೊಳ್ಳಿ. ಒಬ್ಬ ಎರಡೂ ಕಡೆ ಕಾಯುತ್ತಾನೆ, ಇನ್ನೊಬ್ಬ ಬಲಗಡೆ ಮಾತ್ರ. ಎರಡೂ ಕಡೆ ಕಾಯುವವನು ಬಲ ಮಿದುಳು. ಎಡ ಮಿದುಳಿಗೆ ಪೆಟ್ಟಾದರೆ ಇವನು ಹೇಗೋ ಎರಡೂ ಕಡೆ ನೋಡಿಕೊಳ್ಳುತ್ತಾನೆ. ಇವನೇ ಬಿದ್ದರೆ ಎಡಗಡೆಗೆ ದಿಕ್ಕಿಲ್ಲ. ಬಲಗಡೆಯ ನೆಗ್ಲೆಕ್ಟೂ ಉಂಟು, ಆದರೆ ಅದು ಸಾಮಾನ್ಯವಾಗಿ ಹಗುರ, ಬೇಗ ಸರಿಹೋಗುತ್ತದೆ.

ಹಟ ಅಂತೂ ಖಂಡಿತ ಅಲ್ಲ. ‘ಎಡಗಡೆ ನೋಡಪ್ಪಾ ಎಷ್ಟು ಸಲ ಹೇಳೋದು’ ಅಂತ ಗದರಿದರೆ ಅವರಿಗೆ ನೀವು ಯಾವುದರ ಬಗ್ಗೆ ಹೇಳುತ್ತಿದ್ದೀರಿ ಅನ್ನುವುದೇ ತಿಳಿಯದೆ ನೋವಾಗುತ್ತದೆ.

ಶಿಂಷಾತೀರ:

ನಮ್ಮ ಅಮ್ಮನಿಗೂ ಇದೇ ಆಗಿತ್ತು. ಮದ್ದೂರಿನ ಹತ್ತಿರ ನಮ್ಮೂರು. ಮನೆಯಲ್ಲಿ ನಡೆಯುವಾಗ ಎಡ ಭುಜ ಬಾಗಿಲಿನ ಚೌಕಟ್ಟಿಗೆ ಬಡಿಯುತ್ತಿತ್ತು, ಯಾವಾಗಲೂ ಎಡವೇ. ಹಬ್ಬದ ದಿನ ಬಾಳೆ ಎಲೆ ಹಾಕಿದಾಗ ಎಡಗಡೆಯ ತುದಿಗೆ ಬಡಿಸಿದ ಉಪ್ಪು, ಉಪ್ಪಿನಕಾಯಿ, ಕೋಸಂಬರಿ ಮುಟ್ಟಲೇ ಇಲ್ಲ, ‘ಉಪ್ಪಿಲ್ಲದ ಊಟ ಹಾಕಿದ್ದೀರಿ’ ಅಂತ ಎಲ್ಲರ ಎದುರು ಬೇಜಾರು ಮಾಡಿಕೊಂಡರು. ಎಲೆಯನ್ನೇ ತಿರುಗಿಸಿ ಇಟ್ಟ ಮೇಲೆ ಎಲ್ಲವೂ ಸಿಕ್ಕಿತು. ತಟ್ಟೆ ತಿರುಗಿಸುವುದು ಇವತ್ತೇ ಶುರು ಮಾಡಿ, ಕನಿಷ್ಠ ಹೊಟ್ಟೆ ತುಂಬುತ್ತದೆ.

ಓದುವುದರಲ್ಲೂ ಗಮನಿಸಿ. ಅಮ್ಮ ‘ಅರಮನೆ’ಯನ್ನು ‘ಮನೆ’ ಅಂತ ಓದುತ್ತಿದ್ದರು, ‘ಮಹಾರಾಜ’ ಇದ್ದರೆ ‘ರಾಜ’. ಪೇಪರಿನಲ್ಲಿ ಪ್ರತಿ ಸಾಲಿನ ಮೊದಲ ಎರಡು ಪದ ಬಿಟ್ಟು ಓದಿ, ಅರ್ಥ ಕೂಡದೆ, ‘ಇವರು ಏನೇನೋ ಬರೆಯುತ್ತಾರೆ’ ಅಂತ ಮಡಿಸಿಡುತ್ತಿದ್ದರು. ನಾವು ಅಕ್ಷರ ಮರೆತುಹೋಗಿದೆ ಅಂತ ಹೆದರಿದ್ದೆವು. ಆಮೇಲೆ ಥೆರಪಿಯವರು ಪುಟದ ಎಡ ಅಂಚಿಗೆ ದಪ್ಪ ಕೆಂಪು ಗೆರೆ ಎಳೆದು, ಪ್ರತಿ ಸಾಲಿಗೂ ಮೊದಲು ಆ ಗೆರೆ ಹುಡುಕಿ, ಗೆರೆ ಕಂಡ ಮೇಲೆ ಓದಿ ಅಂದರು. ನಿಧಾನಕ್ಕೆ ದಾರಿಗೆ ಬಂತು. ದುಡ್ಡಿನ ವಿಷಯದಲ್ಲಿ ಹುಷಾರು. 250 ಅಂತ ಇದ್ದರೆ 50 ಅಂತ ಓದುತ್ತಾರೆ. ಬ್ಯಾಂಕಿನ ಚೀಟಿ, ಮಾತ್ರೆಯ ಪ್ರಮಾಣ ಯಾವುದನ್ನೂ ಅವರ ಕೈಗೇ ಬಿಡಬೇಡಿ.

ಮನೆಯಲ್ಲಿ ಎಲ್ಲ ವಸ್ತುಗಳನ್ನೂ ಎಡಗಡೆಗೇ ಇಡಿ, ಆಗ ತಿರುಗಲೇಬೇಕಾಗುತ್ತದೆ. ನಾವು ಮಾಡಿದ್ದು ಹಾಗೆ.

ಪಾಂಡವಪುರದವಳು:

ಇಬ್ಬರಿಗೂ ತುಂಬಾ ಥ್ಯಾಂಕ್ಸ್. ಅಮ್ಮನಿಗೆ ಓದಿ ಹೇಳಿದೆ, ಮಾವನಿಗೂ ಹೇಳಿದೆ. ಮಧ್ಯಾಹ್ನ ತಟ್ಟೆ ತಿರುಗಿಸಿದ ಕೂಡಲೇ ‘ಓ, ಹುರುಳಿಕಾಯಿ ಪಲ್ಯ’ ಅಂದರು.

ಆದರೆ ಇನ್ನೊಂದು ವಿಷಯ ನನ್ನನ್ನು ಕಾಡುತ್ತಿದೆ. ಎದುರಿಗೆ ಇರುವುದು ಗಮನಕ್ಕೆ ಬರುವುದಿಲ್ಲ ಅನ್ನುವುದು ಸರಿ. ಆದರೆ ಕಣ್ಣಿನ ಮುಂದೆ ಇಲ್ಲದ್ದೂ ಅರ್ಧ ಆಗುತ್ತದಾ? ಗದ್ದೆ ಯಾರಿಗೆ ಗುತ್ತಿಗೆ ಕೊಡುವುದು ಅನ್ನುವ ಮಾತು ಬಂದಾಗ ಅಪ್ಪ ಕೂತಲ್ಲೇ ಗದ್ದೆಯ ಲೆಕ್ಕ ಹೇಳಿದರು, ಅದರಲ್ಲಿ ಪಂಪ್‌ಸೆಟ್ ಮನೆ ಇರಲಿಲ್ಲ, ಹುಣಸೆಮರ ಇರಲಿಲ್ಲ. ಅವರೇ ಕಟ್ಟಿಸಿದ ಪಂಪ್‌ಸೆಟ್ ಮನೆ ಅದು. ಮರೆವು ಶುರುವಾಯಿತಾ ಅಂತ ಭಯ.

ನರಪಾಠ, ಮೈಸೂರು:

ಇದನ್ನು ಓದಿ ಕುರ್ಚಿಯಲ್ಲಿ ನೆಟ್ಟಗೆ ಕೂತೆ. ಯಾಕೆಂದರೆ ನೀವು ಹೇಳಿದ್ದು ಈ ವಿಷಯದ ಅತಿ ಪ್ರಸಿದ್ಧ ಪ್ರಯೋಗಕ್ಕೆ ತೀರಾ ಹತ್ತಿರ ಇದೆ.

1978ರಲ್ಲಿ ಇಟಲಿಯ ಎಡುವಾರ್ಡೊ ಬಿಸಿಯಾಕ್ ಮತ್ತು ಕ್ಲಾಡಿಯೊ ಲುಜಾಟಿ ಅನ್ನುವವರು ಎಡ ನೆಗ್ಲೆಕ್ಟ್ ಇದ್ದ ಇಬ್ಬರು ಮಿಲಾನ್ ನಗರದವರನ್ನು ಕೂರಿಸಿ, ಊರಿನ ದೊಡ್ಡ ಚರ್ಚಿನ ಮುಂದಿನ ಚೌಕವನ್ನು ಮನಸ್ಸಿನಲ್ಲೇ ನೋಡಿ ವಿವರಿಸಲು ಹೇಳಿದರು. ಚೌಕದ ಆಚೆ ತುದಿಯಲ್ಲಿ ಚರ್ಚಿಗೆ ಮುಖ ಮಾಡಿ ನಿಂತಿದ್ದೀರಿ ಅಂದಾಗ, ಅಲ್ಲಿಂದ ಬಲಗಡೆ ಬರುವ ಕಟ್ಟಡಗಳನ್ನೇ ಹೇಳಿದರು. ಆಮೇಲೆ, ಈಗ ಚರ್ಚಿನ ಮೆಟ್ಟಿಲ ಮೇಲೆ ನಿಂತು ಈ ಕಡೆ ನೋಡುತ್ತಿದ್ದೀರಿ ಅಂದಾಗ, ಸ್ವಲ್ಪ ಹೊತ್ತಿನ ಮುಂಚೆ ಬಿಟ್ಟಿದ್ದ ಕಟ್ಟಡಗಳು ಬಂದವು, ಆಗ ಹೇಳಿದ್ದವು ಕಾಣೆಯಾದವು! ಅಂದರೆ ನೆನಪು ಪೂರ್ತಿ ಇದೆ. ಮನಸ್ಸಿನಲ್ಲಿ ಮೂಡಿದ ಚಿತ್ರದ ಎಡ ಅರ್ಧಕ್ಕೆ ಗಮನ ಹೋಗುತ್ತಿಲ್ಲ. ಕಣ್ಣಿನದಲ್ಲ ಅನ್ನುವುದಕ್ಕೆ ಇದಕ್ಕಿಂತ ಗಟ್ಟಿ ಸಾಕ್ಷಿ ನನಗೆ ಬೇರೆ ಗೊತ್ತಿಲ್ಲ, ಮನಸ್ಸಿನೊಳಗಿನ ಚಿತ್ರ ನೋಡಲು ಕಣ್ಣು ಬೇಡ ಅಲ್ವಾ.

ನಮ್ಮ ಮೈಸೂರಿಗೆ ಹಾಕಿ ನೋಡಿ. ಕೆ.ಆರ್. ವೃತ್ತದಿಂದ ಸಯ್ಯಾಜಿರಾವ್ ರಸ್ತೆಯಲ್ಲಿ ಆಯುರ್ವೇದ ಕಾಲೇಜಿನ ಕಡೆಗೆ ನಡೆದರೆ ದೇವರಾಜ ಮಾರುಕಟ್ಟೆ ಎಡಗಡೆ ಸಿಗುತ್ತದೆ. ಹಿಂದಕ್ಕೆ ಬಂದರೆ ಬಲಗಡೆ. ಇಂಥ ತೊಂದರೆ ಇರುವ ಮೈಸೂರಿಗರೊಬ್ಬರಿಗೆ ಕೆ.ಆರ್. ವೃತ್ತದಿಂದ ಹೊರಟಂತೆ ಊಹಿಸಿ ಹೇಳಿ ಅಂದರೆ ಅಷ್ಟು ದೊಡ್ಡ ಮಾರುಕಟ್ಟೆ, ಹೂವಿನ ಸಾಲು, ಎಲ್ಲ ಬಿಟ್ಟುಹೋಗಬಹುದು. ಆ ತುದಿಯಿಂದ ಹಿಂದಕ್ಕೆ ಕರೆತಂದರೆ ಅದೇ ಬಾಯಲ್ಲಿ ಮಾರುಕಟ್ಟೆ ಬರಬಹುದು. ನೆಗ್ಲೆಕ್ಟ್ ಇರುವ ಎಲ್ಲರಿಗೂ ಹೀಗಾಗುವುದಿಲ್ಲ. ಕೆಲವರಿಗೆ ಹೊರಗಿನದು ಮಾತ್ರ ತಪ್ಪುತ್ತದೆ, ಕೆಲವರಿಗೆ ತಮ್ಮ ಮೈಯ ಅರ್ಧ, ಕೆಲವರಿಗೆ ಕೈಗೆಟಕುವಷ್ಟು ದೂರದ್ದು ಮಾತ್ರ. ಒಂದೇ ಹೆಸರಿನ ಕೆಳಗೆ ಇಷ್ಟು ಬಗೆ ಇರುವುದರಿಂದ ಚೀಟಿಯಲ್ಲಿ ಬರೀ ‘ನೆಗ್ಲೆಕ್ಟ್’ ಅಂತ ಬರೆದರೆ ಅರ್ಧ ವಿಷಯ ಹೇಳಿದ ಹಾಗೆ ಅಂತ ನನ್ನ ಅಭಿಪ್ರಾಯ.

ಇನ್ನೊಂದು ಹೇಳಲೇಬೇಕು. 1988ರಲ್ಲಿ ಮಾರ್ಷಲ್ ಮತ್ತು ಹ್ಯಾಲಿಗನ್ ಅನ್ನುವವರು ಒಬ್ಬ ಹೆಂಗಸಿಗೆ ಎರಡು ಮನೆಗಳ ಚಿತ್ರ ತೋರಿಸಿದರು. ಒಂದರ ಎಡಗಡೆ ಬೆಂಕಿ ಹತ್ತಿತ್ತು. ಎರಡೂ ಒಂದೇ ಥರ ಇವೆ ಅಂದರು ಆಕೆ. ಆದರೆ ಯಾವ ಮನೆಯಲ್ಲಿ ಇರುತ್ತೀರಿ ಅಂತ ಕೇಳಿದಾಗ, ಪ್ರಶ್ನೆಯೇ ಪೆದ್ದು ಅನ್ನುತ್ತಾ, ಹೆಚ್ಚು ಸಲ ಬೆಂಕಿ ಇಲ್ಲದ ಮನೆಯನ್ನೇ ಆರಿಸಿದರು. ಅಂದರೆ ಎಡಗಡೆಯ ಸುದ್ದಿ ಒಳಗೆ ಎಲ್ಲೋ ತಲುಪುತ್ತಿದೆ, ಅರಿವಿನ ಬಾಗಿಲು ದಾಟುತ್ತಿಲ್ಲ. ನಿಮ್ಮ ಅಪ್ಪ ಎಡಗಡೆಯಿಂದ ಕರೆದರೂ ಉತ್ತರ ಕೊಡುತ್ತಾರಲ್ಲ, ದಿಕ್ಕು ಮಾತ್ರ ತಪ್ಪಿ. ಅದನ್ನು ಓದಿದಾಗ ನನಗೆ ನೆನಪಾದದ್ದು ಇದೇ.

ಕುವೆಂಪುನಗರ ಓಟಿ:

ನಾನು ಆಕ್ಯುಪೇಷನಲ್ ಥೆರಪಿಸ್ಟ್ (ಓಟಿ), ಅಂದರೆ ಕಾಯಿಲೆಯಾದವರಿಗೆ ದಿನದ ಕೆಲಸಗಳನ್ನು ಮತ್ತೆ ಕಲಿಸುವವರು. ಮೇಲಿನ ವಿವರಣೆ ಚೆನ್ನಾಗಿದೆ, ಆದರೆ ‘ಎಲ್ಲವನ್ನೂ ಎಡಗಡೆಗೇ ಇಡಿ’ ಅನ್ನುವ ಸಲಹೆಗೆ ನನ್ನ ಒಪ್ಪಿಗೆ ಇಲ್ಲ. ಕರೆಯುವ ಗಂಟೆ, ಫೋನು, ರಾತ್ರಿ ಕುಡಿಯುವ ನೀರು ಇವು ಅವರಿಗೆ ಸಿಗುವ ಕಡೆ, ಅಂದರೆ ಬಲಗಡೆ ಇರಬೇಕು. ರಾತ್ರಿ ಉಸಿರು ಕಟ್ಟಿದಾಗ ಗಂಟೆ ಎಡಗಡೆ ಇದ್ದರೆ ಅದು ಇಲ್ಲದ ಹಾಗೇ. ಅಭ್ಯಾಸ ಬೇರೆ, ಅಪಾಯ ಬೇರೆ. ಅಭ್ಯಾಸಕ್ಕೆ ನೀವು ಎಡಗಡೆ ಕೂತು ಮಾತಾಡಿಸಿ, ಟಿವಿ ಸ್ವಲ್ಪ ಎಡಕ್ಕೆ ಸರಿಸಿ, ಆದರೆ ಯಾರಾದರೂ ಪಕ್ಕದಲ್ಲಿ ಇದ್ದಾಗ. ಸುಸ್ತಾಗಿದ್ದಾಗ ಬೇಡ, ದಣಿವಾದಾಗ ನೆಗ್ಲೆಕ್ಟ್ ಇನ್ನೂ ಜೋರಾಗುತ್ತದೆ.

ಎಡಗೈ ಬಗ್ಗೆ ತುಂಬಾ ಎಚ್ಚರ. ಗಾಲಿಕುರ್ಚಿಯ ಚಕ್ರಕ್ಕೆ ಸಿಕ್ಕಿದ್ದು, ಮೈ ಕೆಳಗೆ ಮಡಿಸಿಕೊಂಡು ಮಲಗಿದ್ದು ಅವರಿಗೆ ತಿಳಿಯದೇ ಇರಬಹುದು. ಒಲೆಯ ಹತ್ತಿರ ಬಿಡಬೇಡಿ. ಕಾಲಿಗೆ ಬಲ ಬಂದ ಮೇಲೆ ‘ಸ್ಕೂಟರ್ ಓಡಿಸ್ತೀನಿ’ ಅಂತಾರೆ, ಬಹಳ ಜನ ಹಾಗೆ ಕೇಳುತ್ತಾರೆ, ನರರೋಗ ತಜ್ಞರು ಪರೀಕ್ಷಿಸಿ ಒಪ್ಪುವ ತನಕ ಕೀ ಕೊಡಬೇಡಿ. ಮಂಡ್ಯ ಕಡೆ ಕಬ್ಬಿನ ಟ್ರ್ಯಾಕ್ಟರ್ ಓಡಾಡುವ ರಸ್ತೆಗಳಲ್ಲಿ ಎಡಗಡೆ ನಡೆದು ಹೋಗುವವರು ಇವರಿಗೆ ಇಲ್ಲವೇ ಇಲ್ಲ.

ಪರೀಕ್ಷೆ ಹೇಗೆ ಮಾಡುತ್ತೇವೆ ಅಂದರೆ, ಹಾಳೆ ಮೇಲೆ ಒಂದು ಅಡ್ಡಗೆರೆ ಎಳೆದು ನಡು ಗುರುತು ಹಾಕಿ ಅನ್ನುತ್ತೇವೆ, ಎಡ ನೆಗ್ಲೆಕ್ಟ್ ಇದ್ದರೆ ಗುರುತು ಬಲಕ್ಕೆ ಜಾರುತ್ತದೆ. ಗಡಿಯಾರ ಬರೆಸಿದರೆ ಅಂಕಿಗಳೆಲ್ಲ ಬಲ ಅರ್ಧದಲ್ಲೇ ಒತ್ತಿಕೊಂಡಿರುತ್ತವೆ. 40 ಚಿಕ್ಕ ಗೆರೆಗಳನ್ನು ಚೆಲ್ಲಿದ ಹಾಳೆ ಇದೆ, 1973ರಿಂದ ಬಳಕೆಯಲ್ಲಿದೆ, ಎಲ್ಲವನ್ನೂ ಹೊಡೆದುಹಾಕಿ ಅಂದರೆ ಎಡಗಡೆಯವು ಉಳಿಯುತ್ತವೆ. ಹಾಳೆಯಲ್ಲಿ ಚೆನ್ನಾಗಿ ಮಾಡಿ ಮನೆಯಲ್ಲಿ ಗೋಡೆಗೆ ಬಡಿದುಕೊಳ್ಳುವವರೂ ಇದ್ದಾರೆ. ಅದಕ್ಕೇ ದಿನದ ಕೆಲಸ ನೋಡಿ ಅಂಕ ಕೊಡುವ ಕ್ಯಾಥರೀನ್ ಬರ್ಗೆಗೋ ಸ್ಕೇಲ್ ನನಗೆ ಜಾಸ್ತಿ ಇಷ್ಟ. ಗಡ್ಡ, ಅಂಗಿಯ ತೋಳು ಹಾಕಿಕೊಳ್ಳುವುದು, ಊಟ, ಓಡಾಡುವಾಗ ಡಿಕ್ಕಿ, ಹೀಗೆ 10 ಅಂಶ, ಒಟ್ಟು 30 ಅಂಕ.

ಥೆರಪಿಯಲ್ಲಿ ಮುಖ್ಯವಾದದ್ದು ಎಡದಿಂದ ಹುಡುಕಿ ನೋಡುವ ಅಭ್ಯಾಸ, ಶಿಂಷಾತೀರ ಹೇಳಿದ ಕೆಂಪು ಗೆರೆ ಅದರದ್ದೇ ಭಾಗ. ಎಡಗೈ ಸ್ವಲ್ಪವಾದರೂ ಆಡಿದರೆ ಎಡ ಜಾಗದಲ್ಲೇ ಆಡಿಸುವುದು ಇನ್ನೊಂದು. ಪ್ರಿಸಮ್ ಕನ್ನಡಕ ಅಂತ ಇದೆ, 1998ರಲ್ಲಿ ಫ್ರಾನ್ಸಿನ ರೊಸೆಟ್ಟಿ ತಂಡದವರು ತೋರಿಸಿದ್ದು. ನೋಟವನ್ನು ಬಲಕ್ಕೆ ಸರಿಸುವ ಗಾಜು ಹಾಕಿಕೊಂಡು ಸ್ವಲ್ಪ ಹೊತ್ತು ಎದುರಿನ ಗುರಿ ತೋರಿಸುತ್ತಾ ಅಭ್ಯಾಸ ಮಾಡಿ, ಕನ್ನಡಕ ತೆಗೆದರೆ ಕೈ ಎಡಕ್ಕೆ ವಾಲುತ್ತದೆ, ಕೆಲವರಿಗೆ ಗಮನವೂ ಅದರ ಜೊತೆ ಎಡಕ್ಕೆ ಬರುತ್ತದೆ. ಎಲ್ಲರಿಗೂ ಆಗುವುದಿಲ್ಲ, ಅಧ್ಯಯನಗಳ ಉತ್ತರವೂ ಒಂದೇ ಥರ ಇಲ್ಲ, ಹಾಗಾಗಿ ‘ಇದೊಂದು ಹಾಕಿದರೆ ವಾಸಿ’ ಅಂತ ದುಡ್ಡು ಕೇಳುವವರ ಹತ್ತಿರ ಹೋಗಬೇಡಿ.

ಹೋಗುತ್ತದಾ ಅಂತ ಕೇಳಿದ್ದೀರಿ. ಮೊದಲ ವಾರಗಳಲ್ಲಿ, ಮೊದಲ ಮೂರು ತಿಂಗಳಲ್ಲಿ ತಾನಾಗೇ ಸುಧಾರಿಸುವುದು ಜಾಸ್ತಿ. ಕೆಲವರಿಗೆ ಸ್ವಲ್ಪ ಉಳಿದುಬಿಡುತ್ತದೆ. ನಿಮ್ಮದಿನ್ನೂ ಒಳ್ಳೆಯ ಕಾಲ, ಈಗಲೇ ಥೆರಪಿ ಶುರು ಮಾಡಿಸಿ. ಜರ್ಮನಿಯ ಆಂಟೊನ್ ರೇಡರ್‌ಶೈಟ್ ಅನ್ನುವ ಚಿತ್ರಕಾರರಿಗೆ 1967ರಲ್ಲಿ ಬಲ ಮಿದುಳಿನ ಲಕ್ವ ಆಗಿತ್ತು. ಆಮೇಲೆ ಅವರು ತಮ್ಮ ಮುಖವನ್ನೇ ಮತ್ತೆ ಮತ್ತೆ ಬರೆದರು. ಮೊದಲಿನವುಗಳಲ್ಲಿ ಎಡ ಅರ್ಧ ಖಾಲಿ, ತಿಂಗಳು ಕಳೆದಂತೆ ಮುಖ ತುಂಬುತ್ತಾ ಬರುತ್ತದೆ. ಮನೆಯವರಿಗೆ ನಾನು ಆ ಚಿತ್ರಗಳನ್ನು ತೋರಿಸುತ್ತೇನೆ, ಮಾತಿಗಿಂತ ಬೇಗ ಅರ್ಥವಾಗುತ್ತದೆ.

ಪಾಂಡವಪುರದವಳು:

ಅಪ್ಪನಿಗೆ ಹೇಳಿದೆ, ‘ನೀವು ಈಗ ವಿ.ಸಿ. ನಾಲೆ ಏರಿ ಮೇಲೆ ನಿಂತಿದ್ದೀರಿ, ಅಲ್ಲಿಂದ ನಮ್ಮ ಮನೆ ಕಡೆ ನೋಡುತ್ತಾ ಗದ್ದೆ ಹೇಳಿ’. ಪಂಪ್‌ಸೆಟ್ ಮನೆ ಮೊದಲನೆಯದಾಗಿ ಬಂತು. ಹುಣಸೆಮರವೂ ಬಂತು, ಅದರ ಕೆಳಗಿನ ಕಲ್ಲೂ ಬಂತು. ಅಮ್ಮ ಒಳಗಿಂದ ಓಡಿ ಬಂದಳು.

ಕೊನೆಯದೊಂದು ಕೇಳುತ್ತೇನೆ. ಕೈ ಎತ್ತಿ ಅಂದರೆ ‘ಎತ್ತಿದ್ದೀನಲ್ಲ’ ಅನ್ನುತ್ತಾರೆ, ಕೈ ಹಾಸಿಗೆ ಮೇಲೇ ಇರುತ್ತದೆ. ಇದೂ ನೆಗ್ಲೆಕ್ಟ್ ಅಂತಲೇ ಕರೆಯಬೇಕಾ?

ನರಪಾಠ, ಮೈಸೂರು:

ಅಲ್ಲ, ಅದಕ್ಕೆ ಬೇರೆ ಹೆಸರಿದೆ, ಅನೊಸೊಗ್ನೋಸಿಯಾ. 1914ರಲ್ಲಿ ಬಾಬಿನ್‌ಸ್ಕಿ ಅನ್ನುವ ಪ್ಯಾರಿಸ್ಸಿನ ನರವೈದ್ಯರು ಇಟ್ಟ ಹೆಸರು, ತನ್ನ ಕೈಕಾಲು ಬಿದ್ದಿರುವುದೇ ರೋಗಿಗೆ ತಿಳಿಯದಿರುವುದು. ನೆಗ್ಲೆಕ್ಟ್ ಜೊತೆ ಇದು ಎಷ್ಟೋ ಸಲ ಬರುತ್ತದೆ, ಆದರೆ ಒಂದಿಲ್ಲದೆ ಇನ್ನೊಂದೂ ಇರಬಹುದು. ಸುಳ್ಳು ಹೇಳುತ್ತಿಲ್ಲ ಅವರು, ದುಃಖ ನುಂಗಿಕೊಂಡು ಧೈರ್ಯ ತೋರಿಸುತ್ತಿರುವುದೂ ಅಲ್ಲ. ಎತ್ತಿದೆ ಅಂತಲೇ ಅವರಿಗೆ ಅನ್ನಿಸುತ್ತಿದೆ. ಸಾಮಾನ್ಯವಾಗಿ ಇದು ನೆಗ್ಲೆಕ್ಟ್‌ಗಿಂತ ಬೇಗ ಕಡಿಮೆಯಾಗುತ್ತದೆ.

ಕುವೆಂಪುನಗರ ಓಟಿ:

ಇದನ್ನು ಮುಂದಿನ ಸಲ ಡಾಕ್ಟರಿಗೆ ತಪ್ಪದೆ ಹೇಳಿ, ಚೀಟಿಯಲ್ಲಿ ಇದು ಬಂದಿಲ್ಲ ಅನ್ನಿಸುತ್ತದೆ. ಕೈಕಾಲು ಚೆನ್ನಾಗಿವೆ ಅಂದುಕೊಂಡೇ ಹಾಸಿಗೆಯಿಂದ ಎದ್ದು ಬೀಳುವುದು ಇಂಥವರೇ. ರಾತ್ರಿ ಮಂಚದ ಪಕ್ಕದ ಕಂಬಿ ಮೇಲೆತ್ತಿ, ಇಲ್ಲದಿದ್ದರೆ ಹಾಸಿಗೆ ನೆಲಕ್ಕೇ ಹಾಕಿ. ಪಂಪ್‌ಸೆಟ್ ಮನೆಯ ವಿಷಯವನ್ನೂ ಬರೆದುಕೊಂಡು ಹೋಗಿ. ಯಾವ ಕಡೆಯಿಂದ ಕೇಳಿದಾಗ ಏನು ಬಿಟ್ಟರು, ಏನು ಹೇಳಿದರು ಅಂತ ಎರಡು ಸಾಲು ಸಾಕು.